ಎಡಗಡೆ ಬರೀ ಗೋಡೆ

ಜೂನ್ 3, ಸೋಮವಾರ

ಈ ಕಂಪ್ಯೂಟರಿಗೆ ಎಡಗಡೆ ಎಂಬುದೇ ಬೇಡವಾಗಿದೆ. ಯಾವ ವಿಂಡೋ ತೆರೆದರೂ ಅದರ ಎಡ ಅಂಚು ಪರದೆಯ ಆಚೆಗೆ ಹೋಗಿಬಿಡುತ್ತದೆ. ಪುಟ ಕಟ್ಟುವ ಪ್ರೋಗ್ರಾಮಿನಲ್ಲಿ ಚಿತ್ರ ಕತ್ತರಿಸುವ ಗುಂಡಿ, ಅಕ್ಷರದ ಗುಂಡಿ, ಗೆರೆ ಎಳೆಯುವ ಗುಂಡಿ ಎಲ್ಲ ಇರುವುದು ಎಡಗಡೆಯ ಪಟ್ಟಿಯಲ್ಲಿ. ಆ ಪಟ್ಟಿಯೇ ಮಾಯ. ವಿಂಡೋ ಹಿಡಿದು ಬಲಕ್ಕೆ ಎಳೆದರೆ ಸ್ವಲ್ಪ ಕಾಣಿಸುತ್ತದೆ, ಮತ್ತೆ ನೋಡಿದರೆ ಇಲ್ಲ. ತಲೆಗೂದಲು ಬೆಳ್ಳಗಾಗುವವರೆಗೆ ಪುಸ್ತಕದ ಪುಟ ಕಟ್ಟಿದವನು ನಾನು. ಇವತ್ತು ಒಂದು ಗುಂಡಿ ಹುಡುಕುವುದರಲ್ಲಿ ಮಧ್ಯಾಹ್ನವಾಯಿತು.

ಇದನ್ನೆಲ್ಲ ಬಾಯಲ್ಲಿ ಹೇಳಿಕೊಳ್ಳುವ ಹಾಗಿದ್ದರೆ ಡೈರಿ ಯಾರು ಬರೆಯುತ್ತಿದ್ದರು? ಮನೆಯಲ್ಲಿರುವುದು ಇಬ್ಬರು. ಅದರಲ್ಲಿ ಒಬ್ಬಳು ಶನಿವಾರದಿಂದ ಮಾತು ಬಿಟ್ಟಿದ್ದಾಳೆ. ಮಗಳು ವರ್ಷದ ಮೊದಲಿಗೆ ಕೊಟ್ಟ ಡೈರಿ ಖಾಲಿ ಬಿದ್ದಿತ್ತು. ಕೊನೆಗೆ ಇದಾದರೂ ನನ್ನ ಮಾತು ಕೇಳಲಿ.

ಜಗಳಕ್ಕೆ ಕಾರಣ ಒಂದು ಫೋಟೊ. ಇವಳ ಅಣ್ಣ, ಅಂದರೆ ನನ್ನ ಭಾವ, ಊರಿಗೆಲ್ಲ ಮೇಷ್ಟ್ರು. ಅವರು ತೀರಿಕೊಂಡು ಮುಂದಿನ ತಿಂಗಳಿಗೆ ವರ್ಷ. ಹಳೆಯ ವಿದ್ಯಾರ್ಥಿಗಳು ಸೇರಿ ನೆನಪಿನ ಪುಸ್ತಕ ತರುತ್ತಿದ್ದಾರೆ. ಪುಟ ಕಟ್ಟುವುದು ನಾನು, ಪ್ರೂಫ್ ತಿದ್ದುವುದು ಇವಳು, ಯಾವಾಗಿನ ಹಾಗೆ. ಶಾಲೆಯ ಮೆಟ್ಟಿಲ ಮೇಲೆ ನಿಂತ ಜನರ ಹಳೆಯ ಫೋಟೊ ಒಂದು ಬಂದಿತ್ತು. ಪುಟದ ಅಳತೆಗೆ ಅಗಲ ಜಾಸ್ತಿ. ಎಡಗಡೆ ಖಾಲಿ ಗೋಡೆ ಕತ್ತರಿಸಿ ಕೂರಿಸಿದೆ. ಇವಳು ಅಚ್ಚು ತೆಗೆದ ಹಾಳೆ ನೋಡಿ ಬಿಳಿಚಿಕೊಂಡಳು.

"ಅಣ್ಣನ ಪುಸ್ತಕದಿಂದ ಅಣ್ಣನ್ನೇ ಕತ್ತರಿಸಿ ಹಾಕಿದ್ರಲ್ಲ ರೀ!"

"ಎಡಗಡೆ ಬರೀ ಗೋಡೆ ಇತ್ತು ಕಣೇ."

"ಗೋಡೆ! ಬದುಕಿದ್ದಾಗ್ಲೂ ನಿಮಗೆ ಅವನು ಗೋಡೆನೇ ಆಗಿದ್ದ."

ನಿಜ, ಭಾವನಿಗೂ ನನಗೂ ಎಣ್ಣೆ ಸೀಗೆಕಾಯಿ. 'ಪ್ರೆಸ್ಸಿನಲ್ಲಿ ಮಸಿ ಬಳಿಯೋನಿಗೆ ತಂಗಿ ಕೊಡ್ತೀರಾ?' ಎಂದು ಮದುವೆಗೆ ಮುಂಚೆ ಕೇಳಿದ್ದರಂತೆ. ಅದು ನನಗೆ ಮರೆತಿಲ್ಲ. ಹಾಗೆಂದು ಸತ್ತವರ ಮೇಲೆ ಮೌಸ್ ಹಿಡಿದು ಸೇಡು ತೀರಿಸಿಕೊಳ್ಳುವಷ್ಟು ಸಣ್ಣವನಲ್ಲ. ಹೇಳಿದೆ. ಕೇಳಲಿಲ್ಲ. ಗಂಡ ಹೆಂಡಿರ ಜಗಳ ಉಂಡು ಮಲಗುವ ತನಕ ಎನ್ನುತ್ತಾರೆ. ಉಂಡಾಯಿತು, ಮಲಗಿಯೂ ಆಯಿತು. ಬೆಳಿಗ್ಗೆ ಜಗಳ ನಮಗಿಂತ ಮೊದಲೇ ಎದ್ದು ಕೂತಿತ್ತು.

ತಲೆನೋವು ಬಿಟ್ಟಿಲ್ಲ. ಹೋದ ವಾರ ಕುರ್ಚಿಯಿಂದ ಏಳುವಾಗ ಒಂದು ಗಳಿಗೆ ಕಣ್ಣು ಕತ್ತಲಿಟ್ಟು ಮೇಜು ಹಿಡಿದುಕೊಂಡಿದ್ದೆ. ಅಂದಿನಿಂದ ಇದು. ಪರದೆ ನೋಡಿ ನೋಡಿ ಆಗಿರಬೇಕು.

ಜೂನ್ 4, ಮಂಗಳವಾರ

ಪರದೆಯ ಸೆಟ್ಟಿಂಗ್ ತೆಗೆದು ಎಲ್ಲ ಅಳತೆಯನ್ನೂ ಪ್ರಯತ್ನಿಸಿದೆ. ಒಂದರಲ್ಲಿ ಅಕ್ಷರಗಳು ಕುಂಬಳಕಾಯಿಯಷ್ಟಾದವು. ಇನ್ನೊಂದರಲ್ಲಿ ಸಾಸಿವೆಯಷ್ಟು. ಎಡಗಡೆ ಮಾತ್ರ ಯಾವುದರಲ್ಲೂ ಬರಲಿಲ್ಲ.

ನಮ್ಮ ಜಗಳಕ್ಕೂ ಒಂದು ಕ್ರಮವಿದೆ. ಉದ್ದ ಮೇಜು ಒಂದೇ. ಕಂಪ್ಯೂಟರಿನ ಮುಂದೆ ನಾನು, ನನ್ನ ಎಡಕ್ಕೆ ಅವಳು. ಮಾತು ನಿಂತರೂ ಕೆಲಸ ನಿಲ್ಲಿಸುವುದಿಲ್ಲ. ನಾನು ಬಂದು ಕೂರುವುದಕ್ಕೆ ಮುಂಚೆ ತಿದ್ದಿದ ಹಾಳೆಗಳನ್ನು ನನ್ನ ಬಲಗಡೆಯ ಕ್ಲಿಪ್ಪಿಗೆ ಸಿಕ್ಕಿಸಿರುತ್ತಾಳೆ. ರಾಜಿಯಾಗಬೇಕು ಎನಿಸಿದ ದಿನ ಒಂದು ಲೋಟ ಟೀ ತಂದು ನನ್ನ ಮೊಣಕೈ ಹತ್ತಿರ ಇಡುತ್ತಾಳೆ. ಒಂದು ಮಾತೂ ಆಡುವುದಿಲ್ಲ, ನಾನೂ ಆಡುವುದಿಲ್ಲ. ನಾನು ಕುಡಿದರೆ ಜಗಳ ಮುಗಿಯಿತು. ತಪ್ಪು ನನ್ನದು ಎನಿಸಿದರೆ ನಾನೊಂದು ಹೊಸ ಕೆಂಪು ಪೆನ್ನು ತಂದು ಅವಳಿಗೆ ಸಿಗುವ ಹಾಗೆ ಇಡುತ್ತೇನೆ. ಅವಳ ಡಬ್ಬಿಯಲ್ಲಿ ಕೆಂಪು ಪೆನ್ನು ಎಷ್ಟಿವೆ ಎಂದು ಕೇಳಬಾರದು.

ಆ ಟೀಯನ್ನು ಆರಲು ಬಿಟ್ಟವನಲ್ಲ ನಾನು, ಒಂದು ದಿನವೂ. ಈ ಸಲ ಇಡಲಿ ನೋಡೋಣ.

ಜೂನ್ 6, ಗುರುವಾರ

ರಿಪೇರಿಯವನು ಬಂದಿದ್ದ. ಪರದೆಯ ಮುಂದೆ ಕೂತು ಆ ಕಡೆ ಈ ಕಡೆ ಮೌಸ್ ಓಡಿಸಿದ.

"ಸರ್, ಎಲ್ಲಾ ಸರಿಯಾಗೇ ಇದೆಯಲ್ಲ?"

"ಎಡಗಡೆ ಪಟ್ಟಿ ಎಲ್ಲಪ್ಪಾ ಇದೆ?"

"ಇಲ್ಲೇ ಇದೆಯಲ್ಲ ಸರ್." ಬೆರಳಿಟ್ಟು ತೋರಿಸಿದ. ಹೌದು, ಇತ್ತು! ವೈದ್ಯರ ಮುಂದೆ ಕೂತ ತಕ್ಷಣ ಹಲ್ಲುನೋವು ಮಾಯವಾಗುವುದಿಲ್ಲವೇ, ಹಾಗೆ.

"ನೀವು ಬಂದ್ರಿ ಅಂತ ಹೆದರಿ ಬಂದಿದೆ" ಅಂದೆ. ನಕ್ಕ. ಸಮಾಧಾನಕ್ಕೆ ಕೇಬಲ್ ಬದಲಾಯಿಸಿದ, ಏನೋ ತೆಗೆದು ಏನೋ ಹಾಕಿದ. ಕಳೆದುಹೋದ ವಿಂಡೋವನ್ನು ಮೌಸ್ ಇಲ್ಲದೆ ಕೀಲಿಗಳಿಂದಲೇ ಎಳೆದು ತರುವುದು ಹೇಗೆಂದು ಹೇಳಿಕೊಟ್ಟ. ಬಾಣದ ಗುರುತಿನ ಕೀಲಿ ಒತ್ತುತ್ತಾ ಹೋದರೆ ಎಲ್ಲಿ ಅಡಗಿದ್ದರೂ ತೆವಳಿಕೊಂಡು ಬರುತ್ತದಂತೆ. ಹೊರಡುವಾಗ ಕೈಯಲ್ಲಿ ಖಾಲಿ ಲೋಟ.

"ಟೀ ಚೆನ್ನಾಗಿತ್ತು ಮೇಡಂ" ಎಂದು ಒಳಗೆ ನೋಡಿ ಹೇಳಿ ಹೋದ.

ಅಂದರೆ ಅವನಿಗೆ ಟೀ ಕೊಟ್ಟಿದ್ದಾಳೆ. ದಾರಿಯಲ್ಲಿ ಹೋಗುವವನಿಗೆ ಟೀ, ಕಟ್ಟಿಕೊಂಡವನಿಗೆ ಇಲ್ಲ. ಆಗಲಿ. ಮೂಲೆ ಅಂಗಡಿಗೆ ಹೋಗಿ ಕುಡಿದು ಬಂದೆ. ಕುಡಿಯುವ ಹಾಗಿರಲಿಲ್ಲ.

ಅವನು ಹೋದದ್ದೇ ತಡ, ಪಟ್ಟಿ ಮತ್ತೆ ಮಾಯ. ಕುಣಿಯಲಾರದವಳು ನೆಲ ಡೊಂಕು ಅಂದಳಂತೆ ಎಂದು ಭಾವ ಇದ್ದಿದ್ದರೆ ಆಡಿಕೊಳ್ಳುತ್ತಿದ್ದರು. ನೆಲ ನಿಜವಾಗಿ ಡೊಂಕಾಗಿದ್ದರೆ ಕುಣಿಯುವವಳು ಏನು ಮಾಡಬೇಕು, ಅದನ್ನು ಯಾರೂ ಹೇಳುವುದಿಲ್ಲ.

ಜೂನ್ 7, ಶುಕ್ರವಾರ

ಈಗ ಮೇಜಿಗೂ ಬರುವುದನ್ನು ಬಿಟ್ಟಿದ್ದಾಳೆ. ಬೆಳಿಗ್ಗೆ ಕ್ಲಿಪ್ಪಿನಲ್ಲಿ ಹಾಳೆ ಇರುತ್ತದೆ, ಅವಳು ಇರುವುದಿಲ್ಲ. ಹಾಳೆ ಮಗುಚುವ ಸದ್ದು ಕೇಳಿಸುತ್ತದೆ. ಪಕ್ಕದ ಕೋಣೆಯಲ್ಲಿ ಕೂತು ಓದುತ್ತಿರಬೇಕು. ನನ್ನ ಪಕ್ಕ ಕೂರಲೂ ಬೇಡವಾಯಿತು.

ಅವಳ ತಿದ್ದುಪಡಿಯಲ್ಲೂ ಮನಸ್ಸಿಲ್ಲ. ಒಂದು ಪುಟ ಕೊಟ್ಟರೆ ಕೆಂಪು ಮಸಿಯಲ್ಲಿ ಅದ್ದಿ ಕೊಡುತ್ತಿದ್ದವಳು. ಈಗ ಅರ್ಧಕ್ಕರ್ಧ ಕಡಿಮೆ. ಸಾಲಿನ ಕೊನೆಯಲ್ಲಿ ಅಲ್ಲೊಂದು ಇಲ್ಲೊಂದು ಗುರುತು, ಅಷ್ಟೇ.

ಪತ್ರಿಕೆಯವರೂ ಹಾಳಾಗಿದ್ದಾರೆ. ಇವತ್ತು ಯಾವ ವಾಕ್ಯಕ್ಕೂ ತಲೆಯೇ ಇರಲಿಲ್ಲ, ಬರೀ ಬಾಲ. ನಮ್ಮ ಕಾಲದಲ್ಲಿ ಪ್ರೂಫ್ ನೋಡುವವರು ಇರುತ್ತಿದ್ದರು.

ಜೂನ್ 10, ಸೋಮವಾರ

ಇವತ್ತು ಒಂದು ಅನಾಹುತವಾಯಿತು. ರಿಪೇರಿಯವನು ಹೇಳಿದ ಹಾಗೆ ಕೀಲಿ ಒತ್ತುತ್ತಾ ವಿಂಡೋ ಎಳೆಯುತ್ತಿದ್ದೆ. ಬರುವುದು, ಹೋಗುವುದು. ರೇಗಿಹೋಯಿತು. "ಥೂ, ಹಾಳಾಗ್ ಹೋಗು!" ಎಂದು ಕೈ ಬೀಸಿದೆ. ಮೊಣಕೈಗೆ ಏನೋ ತಗುಲಿತು, ಫಳ್ ಎಂದು ನೆಲಕ್ಕೆ ಬಿತ್ತು. ನೋಡಿದರೆ ಪಿಂಗಾಣಿ ಲೋಟ, ಮಗಳು ಕೊಡಿಸಿದ ಜೋಡಿಯಲ್ಲಿ ಒಂದು. ನೆಲದ ತುಂಬ ಟೀ.

ಆ ಲೋಟ ಅಲ್ಲಿಗೆ ಎಲ್ಲಿಂದ ಬಂತೋ. ಅವಳೇ ಕುಡಿಯಲು ತಂದು ಮರೆತು ಹೋಗಿರಬೇಕು. ಎತ್ತೋಣ ಎಂದು ಬಗ್ಗುವಷ್ಟರಲ್ಲಿ ಅವಳು ಅಲ್ಲೇ ನೆಲದ ಮೇಲೆ ಕೂತು ಚೂರು ಆರಿಸುತ್ತಿದ್ದಳು. ಅಷ್ಟು ಬೇಗ ಹೇಗೆ ಬಂದಳು? ಮುಖ ಎತ್ತಲಿಲ್ಲ. ಒಂದು ಚೂರು ಬೆರಳಿಗೆ ಚುಚ್ಚಿ ರಕ್ತ ಬಂತು.

"ಬಿಡು, ನಾನು ಎತ್ತುತ್ತೀನಿ" ಅಂದೆ. ನಾನೇ ಮೊದಲು ಮಾತಾಡಿದ್ದು, ಇದು ದಾಖಲಾಗಿರಲಿ.

ಅವಳು ಚೂರುಗಳನ್ನು ಸೆರಗಿನಲ್ಲಿ ಹಾಕಿಕೊಂಡು ಎದ್ದು ಹೋದಳು. ಒಳಗೆ ನಲ್ಲಿ ಬಹಳ ಹೊತ್ತು ಸುರಿಯಿತು. ನಲ್ಲಿ ಬಿಟ್ಟುಕೊಂಡು ಅವಳು ಅಳುವುದು ನನಗೆ ಗೊತ್ತು. ಅಪ್ಪ ಸತ್ತಾಗ ಹಾಗೆ ಅತ್ತಿದ್ದಳು, ಅಣ್ಣ ಸತ್ತಾಗಲೂ. ಒಂದು ಲೋಟಕ್ಕೆ ಯಾಕೆ ಅಷ್ಟು?

ಜೂನ್ 11, ಮಂಗಳವಾರ

ಮಗಳು ಫೋನಿನಲ್ಲಿ ಮುಖ ತೋರಿಸಿಕೊಂಡು ಮಾತಾಡಿದಳು. ಮೊದಲು ನಕ್ಕಳು.

"ಏನಪ್ಪಾ ಇದು, ಅರ್ಧ ಗಡ್ಡ ಬಿಟ್ಟಿದ್ದೀಯಾ? ಹೊಸ ಫ್ಯಾಷನ್ನಾ?"

"ಬ್ಲೇಡು ಮೊಂಡು" ಅಂದೆ.

ಆಮೇಲೆ ದನಿ ತಗ್ಗಿಸಿದಳು. "ಅಪ್ಪ, ಅಮ್ಮ ತಂದಿಟ್ಟ ಟೀನ ಎತ್ತಿ ಎಸೆದ್ಯಂತೆ?"

"ನಾನು ಎಸೆದ್ನಾ? ಕೈ ತಗುಲಿ ಬಿತ್ತಮ್ಮ. ಅದು ಅವಳ ಟೀ."

"ಅವಳ ಟೀನ ನಿನ್ನ ಮೊಣಕೈ ಪಕ್ಕ ಯಾಕೆ ಇಟ್ಕೋತಾಳೆ ಅಪ್ಪ? ನಿಮ್ಮಿಬ್ಬರ ಆಟ ನಂಗೆ ಗೊತ್ತಿಲ್ವಾ? ಸ್ವಲ್ಪ ಬಿಟ್ಟುಕೊಡು. ಮಾಮ ಈಗಿಲ್ಲ. ಸತ್ತವರ ಜೊತೆ ಗೆದ್ದು ಏನು ಮಾಡ್ತೀಯಾ?"

ಅವಳೂ ಅಮ್ಮನ ಕಡೆಯೇ. ಫೋನ್ ಇಟ್ಟ ಮೇಲೆ ಯೋಚಿಸಿದೆ. ನಿನ್ನೆ ಅವಳು ರಾಜಿಗೆ ಬಂದಿದ್ದಳೇ? ಹಾಗಿದ್ದರೆ ನಾನು ಬೀಳಿಸಿದ್ದು ಅದನ್ನೇ. ಇವತ್ತು ಇಡೀ ದಿನ ಕುರ್ಚಿ ಬಿಟ್ಟು ಏಳಲಿಲ್ಲ, ಕಣ್ಣಿಗೆ ಎಣ್ಣೆ ಬಿಟ್ಟುಕೊಂಡು ಕಾದೆ. ಟೀ ಬರಲಿಲ್ಲ.

ಜೂನ್ 13, ಗುರುವಾರ

ಪ್ರೆಸ್ಸಿನ ಯಜಮಾನರ ಹತ್ತಿರ ದೊಡ್ಡ ಪರದೆಯೊಂದನ್ನು ಎರವಲು ತಂದೆ. ದೊಡ್ಡದಾದರೆ ಜಾಗ ಹೆಚ್ಚು, ಎಡಗಡೆಯೂ ಹಿಡಿಸುತ್ತದೆ ಎಂದುಕೊಂಡೆ. ಪರದೆ ಎಷ್ಟು ದೊಡ್ಡದಾಯಿತೋ ಕಾಣೆಯಾಗುವುದೂ ಅಷ್ಟೇ ದೊಡ್ಡದಾಯಿತು. ಹೊತ್ತು ತರುವಾಗ ಬಾಗಿಲ ಚೌಕಟ್ಟಿಗೆ ಭುಜ ಬಡಿದು ಕಪ್ಪಾಗಿದೆ. ಈ ಬಾಗಿಲು ಮೊದಲು ಇಷ್ಟು ಕಿರಿದಾಗಿರಲಿಲ್ಲ.

ಊಟಕ್ಕೆ ಬರೀ ಅನ್ನ. ತರಕಾರಿ ಬಡಿಸಲೇ ಇಲ್ಲ. ಕೇಳುವುದಕ್ಕೆ ಮನಸ್ಸು ಬರಲಿಲ್ಲ, ತಿಂದು ಎದ್ದೆ.

ಜೂನ್ 14, ಶುಕ್ರವಾರ

ಇವತ್ತೂ ಟೀ ಇಲ್ಲ.

ಜೂನ್ 16, ಭಾನುವಾರ

ಮಂಚದ ಮೇಲೆ ಅವಳ ಸೂಟ್‌ಕೇಸ್ ಇದೆ. ಸೀರೆಗಳನ್ನು ಮಡಚಿ ಇಟ್ಟಿದ್ದಾಳೆ. ಮಗಳಿಗೆ ಫೋನ್ ಮಾಡಿದೆ.

"ಮಂಗಳವಾರ ಬರ್ತೀನಿ ಅಂದ್ಲು ಅಪ್ಪ. ಎಷ್ಟು ದಿನ ಅಂತ ಕೇಳಿದ್ರೆ ಹೇಳಲ್ಲ. 'ಪಕ್ಕದಲ್ಲಿ ಕೂತ್ರೂ ನನ್ನ ಕಡೆ ತಿರುಗಿಯೂ ನೋಡಲ್ಲ ಕಣೇ, ನಾನಿಲ್ಲಿದ್ದು ಏನು ಮಾಡ್ಲಿ' ಅಂತ ಅಳ್ತಾಳೆ."

ಪಕ್ಕದಲ್ಲಿ ಕೂತಿದ್ದಳಂತೆ. ಎಲ್ಲಿ ಕೂತಳು? ಎರಡು ವಾರದಿಂದ ಕಾಯುತ್ತಿದ್ದೇನೆ ಕೂರಲಿ ಎಂದು. ಹೀಗೆ ಸುಳ್ಳು ಹೇಳುವವಳಲ್ಲ ಇವಳು. ಅಷ್ಟು ಬೇಸರವಾಗಿದೆ ಎಂದರೆ ಸುಳ್ಳು ಹೇಳಿಯಾದರೂ ಹೋಗಬೇಕು ಎನಿಸಿರಬೇಕು.

ಹೋದರೆ ನಾನು ಏನು ಮಾಡುತ್ತೇನೆ? ಬರೆದುಬಿಡುತ್ತೇನೆ, ಓದುವವರು ಯಾರೂ ಇಲ್ಲವಲ್ಲ. ಅವಳಿಲ್ಲದ ಮನೆಯಲ್ಲಿ ನನಗೆ ಒಂದು ದಿನವೂ ಇರಲಾಗುವುದಿಲ್ಲ. ಮೊದಲ ಸಲ ಪ್ರೆಸ್ಸಿಗೆ ಬಂದಾಗ ನಾನು ಜೋಡಿಸಿದ ಪುಟದಲ್ಲಿ ತಪ್ಪು ಹುಡುಕಿದವಳು. ಇಪ್ಪತ್ತು ತಪ್ಪು ಹುಡುಕಿ, 'ಅಕ್ಷರ ಮಾತ್ರ ಚೆಂದ ಕೂರಿಸಿದ್ದೀರಿ' ಅಂದಳು. ಅಂದಿನಿಂದ ನನ್ನ ತಪ್ಪುಗಳೆಲ್ಲ ಅವಳ ಕೈಯಲ್ಲೇ ಇವೆ. ಅವಳು ಹೋದರೆ ನನ್ನನ್ನು ಯಾರು ತಿದ್ದುತ್ತಾರೆ?

ಮಧ್ಯಾಹ್ನ ಆ ಫೋಟೊ ತೆರೆದೆ. ಭಾವನನ್ನು ಹುಡುಕಿ, ದೊಡ್ಡದು ಮಾಡಿ, ಇಡೀ ಪುಟಕ್ಕೆ ಹಾಕಿಬಿಡೋಣ ಎಂದುಕೊಂಡೆ. ಮೆಟ್ಟಿಲ ಮೇಲಿನ ಒಂದೊಂದೇ ಮುಖ ನೋಡಿದೆ. ಭಾವ ಇಲ್ಲ. ಆಣೆ ಮಾಡಿ ಹೇಳುತ್ತೇನೆ, ಇಲ್ಲ. ಎಡಗಡೆ ಬರೀ ಗೋಡೆ.

ಆದರೂ ಅಂಗಡಿಗೆ ಹೋಗಿ ಕೆಂಪು ಪೆನ್ನು ತಂದೆ. ಅಡುಗೆಮನೆಯ ಕಟ್ಟೆಯ ಮೇಲೆ ಅವಳ ಕನ್ನಡಕದ ಪೆಟ್ಟಿಗೆ ಇತ್ತು, ಅದರ ಮೇಲಿಟ್ಟೆ. ನಾನು ಹಿಡಿದ ಮೊಲಕ್ಕೆ ಮೂರೇ ಕಾಲು ಎಂದು ಇನ್ನೂ ನನಗೆ ಅನಿಸುತ್ತಲೇ ಇದೆ. ಆದರೆ ಮೊಲವನ್ನು ಇಟ್ಟುಕೊಂಡು ಏನು ಮಾಡಲಿ?

ಜೂನ್ 17, ಸೋಮವಾರ

ಆಸ್ಪತ್ರೆಯ ಬೆಂಚಿನ ಮೇಲೆ ಕೂತು ಬರೆಯುತ್ತಿದ್ದೇನೆ. ಯಾಕೆ ಬಂದಿದ್ದೇವೆಂದು ನನಗೆ ಪೂರ್ತಿ ಗೊತ್ತಿಲ್ಲ. ಇವಳು ಚೀಟಿ ಮಾಡಿಸಲು ಹೋಗಿದ್ದಾಳೆ.

ಬೆಳಿಗ್ಗೆ ಎದ್ದು ನೋಡಿದರೆ ಕೋಣೆಯ ನೆಲದ ತುಂಬ ಪ್ರೂಫ್ ಹಾಳೆಗಳು. ತಿದ್ದಿದ್ದು, ಅದರ ಪಕ್ಕ ನಾನು ಸರಿಮಾಡಿ ಮತ್ತೆ ಅಚ್ಚು ತೆಗೆದದ್ದು. ನಡುವೆ ಇವಳು ಮಂಡಿಯೂರಿ ಕೂತಿದ್ದಳು, ಕೈಯಲ್ಲಿ ಹೊಸ ಕೆಂಪು ಪೆನ್ನು. ನನ್ನ ಕಡೆ ನೋಡಿದ ರೀತಿ ಸಿಟ್ಟಿನದಲ್ಲ. ಏನು ಎಂದು ತಿಳಿಯಲಿಲ್ಲ.

ಊಟಕ್ಕೆ ಕೂತಾಗ ಮತ್ತೆ ಬರೀ ಅನ್ನ. ಸುಮ್ಮನೆ ತಿಂದೆ. ನನ್ನ ಪಾಲು ಮುಗಿದ ಮೇಲೆ ಇವಳು ಕೈ ಚಾಚಿ ನನ್ನ ತಟ್ಟೆಯನ್ನು ಮೆಲ್ಲಗೆ ತಿರುಗಿಸಿದಳು. ತರಕಾರಿ, ಮೊಟ್ಟೆ, ಇನ್ನಷ್ಟು ಅನ್ನ ಬಂತು! ಇದೇನು ಕಣ್ಕಟ್ಟು ಎಂದು ಅವಳ ಮುಖ ನೋಡಿದೆ. ಸೆರಗು ಬಾಯಿಗೆ ಒತ್ತಿ ಹಿಡಿದುಕೊಂಡಿದ್ದಳು.

ಆಮೇಲೆ ಒಂದು ಹಾಳೆ ತಂದು ಮುಂದೆ ಹಿಡಿದಳು. ಅಷ್ಟು ದಿನಗಳ ನಂತರ ಮೊದಲ ಮಾತು.

"ರೀ, ಈ ಸಾಲು ಓದಿ."

"ಮಕ್ಕಳಿಗೆ ಅಕ್ಷರ ಕಲಿಸಿದರು" ಎಂದು ಓದಿದೆ.

"ಸಾಲು ಅಲ್ಲಿಂದ ಶುರುವಾಗುತ್ತಾ?"

"ಮತ್ತೆ ಎಲ್ಲಿಂದ?"

ಅವಳು ಹಾಳೆಯ ಅಂಚಿಗೆ ಬೆರಳಿಟ್ಟು ನನ್ನ ಗಲ್ಲ ಹಿಡಿದು ತಿರುಗಿಸಿದಳು, ಮಕ್ಕಳಿಗೆ ಮಾಡುವ ಹಾಗೆ. ಅಲ್ಲಿ ಇನ್ನೂ ಮಾತುಗಳಿದ್ದವು: 'ಮೇಷ್ಟ್ರು ತಮ್ಮ ಹಸಿವನ್ನು ಮರೆತು'. ಅವು ಎಲ್ಲಿಂದ ಬಂದವು ಎಂದು ಕೇಳುವಷ್ಟರಲ್ಲಿ ಇವಳು ನನ್ನ ತಲೆಯನ್ನು ಎದೆಗೆ ಒತ್ತಿಕೊಂಡು ಜೋರಾಗಿ ಅತ್ತುಬಿಟ್ಟಳು. ನಲ್ಲಿ ತೆರೆಯದೆ.

"ಏಳಿ. ಅಂಗಿ ಹಾಕ್ಕೊಳ್ಳಿ. ಈಗ್ಲೇ ಹೊರಡಬೇಕು."

ಸೂಟ್‌ಕೇಸಿನಿಂದ ತನ್ನ ಸೀರೆಗಳನ್ನು ತೆಗೆದು ನನ್ನ ಬಟ್ಟೆ ತುಂಬಿದಳು.

ಜೂನ್ 19, ಬುಧವಾರ

ಡಾಕ್ಟರಮ್ಮ ಚಿತ್ರ ತೋರಿಸಿ ಹೇಳಿದರು. ನನ್ನ ಮೆದುಳಿನ ಬಲಗಡೆ ಒಂದು ಕಡೆ ರಕ್ತದ ಓಟ ನಿಂತುಹೋಗಿ ಅಷ್ಟು ಭಾಗ ಸತ್ತಿದೆ. ಕುರ್ಚಿಯಿಂದ ಏಳುವಾಗ ಕಣ್ಣು ಕತ್ತಲಿಟ್ಟಿತಲ್ಲ, ಅಂದೇ.

"ಕಣ್ಣಿಗೆ ಏನೂ ಆಗಿಲ್ಲ. ಎಡಗಡೆ ಅಂತ ಒಂದು ಇದೆ ಅನ್ನೋದನ್ನೇ ನಿಮ್ಮ ಮೆದುಳು ಬಿಟ್ಟುಬಿಟ್ಟಿದೆ."

"ಅದು ನನಗೆ ಗೊತ್ತಾಗ್ಬೇಕಲ್ಲ ಡಾಕ್ಟ್ರೇ?"

"ಇಲ್ಲ ಅನ್ನೋದು ಗೊತ್ತಾಗೋದಕ್ಕೂ ಮೆದುಳೇ ಬೇಕಲ್ವಾ?" ಅಂದರು. ಬೈಯುವ ದನಿಯಲ್ಲಿ ಹೇಳಲಿಲ್ಲ. "ಅವತ್ತೇ ಬಂದಿದ್ರೆ ಏನಾದ್ರೂ ಮಾಡಬಹುದಿತ್ತು. ಈಗ ಅಭ್ಯಾಸದಿಂದ ಸ್ವಲ್ಪ ಬರಬಹುದು. ಪೂರ್ತಿ ಬರುತ್ತೆ ಅಂತ ನಾನು ಹೇಳಲ್ಲ."

ಅವತ್ತೇ ಹೇಗೆ ಬರುತ್ತಿದ್ದೆ? ಯಾರಿಗೂ ಹೇಳಿರಲಿಲ್ಲ. ಅದರ ಹಿಂದೆಯೇ ಫೋಟೊ, ಜಗಳ, ಮೌನ. ಮಾತಾಡುವ ಗಂಡ ಹೆಂಡತಿಯಾಗಿದ್ದರೆ ಎರಡನೇ ದಿನಕ್ಕೇ ತಿಳಿಯುತ್ತಿತ್ತು. ಮಾತು ಬೆಳ್ಳಿ, ಮೌನ ಬಂಗಾರವಂತೆ. ನಮ್ಮ ಬಂಗಾರ ನನ್ನ ಅರ್ಧ ಲೋಕವನ್ನು ತಿಂದುಹಾಕಿತು.

ಇವಳು ಎಲ್ಲ ಹೇಳಿದಳು. ನನ್ನ ಬಲಗಡೆ ಕೂತು, ಕೈ ಹಿಡಿದುಕೊಂಡು.

"ಟೀ ದಿನಾ ಇಟ್ಟೆ ರೀ. ಬುಧವಾರದಿಂದ್ಲೇ ಇಟ್ಟೆ. ರಿಪೇರಿಯವನು ಬಂದಾಗ ಎರಡು ಲೋಟ ತಂದೆ, ಅವನು ಕುಡಿದ, ನಿಮ್ಮದು ಹಾಗೇ ಇತ್ತು. ನನ್ನ ಕಣ್ಣ ಮುಂದೆ ಆರೋದು. ನಿಮ್ಮ ಪಕ್ಕದಲ್ಲೇ ಕೂತು ನೋಡ್ತಿದ್ದೆ. ಇಷ್ಟು ಕಲ್ಲು ಯಾವಾಗ ಆದ್ರು ಅನ್ಕೊಂಡೆ."

"ಪಕ್ಕದಲ್ಲೇ ಇದ್ಯಾ?"

"ಇನ್ನೆಲ್ಲಿ ಹೋಗ್ಲಿ? ಒಂದಿನವೂ ಕುರ್ಚಿ ಬಿಟ್ಟಿಲ್ಲ. ಆ ಲೋಟ ಒಡೆದ್ಮೇಲೂ ಇಟ್ಟೆ, ಉಳಿದಿದ್ದ ಇನ್ನೊಂದರಲ್ಲಿ. ಭಾನುವಾರ ಪೆನ್ನು ಸಿಕ್ತು. ಪೆನ್ನಿಟ್ಟೋರು ಟೀ ಯಾಕೆ ಮುಟ್ಟಲ್ಲ? ಎರಡಕ್ಕೂ ತಾಳೆ ಬೀಳ್ಲಿಲ್ಲ. ಆಮೇಲೆ ಹಾಳೆ ಹರಡಿ ನೋಡ್ದೆ. ಬಲಗಡೆ ನಾನು ಗುರುತು ಮಾಡಿದ್ದೆಲ್ಲ ತಿದ್ದಿದ್ದೀರಿ. ಎಡಗಡೇದು ಒಂದೂ ಇಲ್ಲ. ಸಿಟ್ಟಿಗೆ ಬಿಡೋ ಹಾಗಿದ್ರೆ ಪೂರ್ತಿ ಬಿಡ್ತಿದ್ರಿ. ಅರ್ಧ ಹಾಳೆ ಮೇಲೆ ಯಾರಾದ್ರೂ ಸಿಟ್ಟು ಮಾಡ್ಕೋತಾರಾ?"

ಈ ಡೈರಿಯನ್ನೂ ಅವಳಿಗೆ ಕೊಟ್ಟೆ. ತೆರೆದವಳು ಓದಲಿಲ್ಲ, ಪುಟದ ಮೇಲೆ ಕೈಯಾಡಿಸಿದಳು. ಎಲ್ಲ ಪುಟಗಳಲ್ಲೂ ಬಲಗಡೆಯ ಅರ್ಧದಲ್ಲಿ ಮಾತ್ರ ಒತ್ತೊತ್ತಾಗಿ ಬರೆದಿದ್ದೇನಂತೆ. ಎಡಗಡೆ ಪೂರ್ತಿ ಬಿಳಿ. ನನಗೆ ನಂಬಲಾಗಲಿಲ್ಲ. ಅವಳು ನನ್ನ ಗಲ್ಲ ತಿರುಗಿಸಿ ತೋರಿಸಿದಳು.

ಜೂನ್ 30, ಭಾನುವಾರ

ಮನೆಗೆ ಬಂದಿದ್ದೇವೆ. ಹೊಸ ಪೆನ್ನಿನಿಂದ ಇವಳು ಈ ಡೈರಿಯ ಪ್ರತಿ ಪುಟದ ಎಡ ಅಂಚಿಗೆ ಒಂದು ದಪ್ಪ ಕೆಂಪು ಗೆರೆ ಎಳೆದಿದ್ದಾಳೆ. ಆ ಗೆರೆ ಕಾಣುವವರೆಗೆ ಕತ್ತು ತಿರುಗಿಸಬೇಕು, ಕಂಡ ಮೇಲೆ ಬರೆಯಲು ತೊಡಗಬೇಕು. ಡಾಕ್ಟರಮ್ಮ ಹೇಳಿಕೊಟ್ಟ ಅಭ್ಯಾಸ. ಒಂದು ಸಾಲಿಗೆ ಒಂದು ಸಲ ಗೆರೆ ಹುಡುಕುತ್ತೇನೆ. ಸುಸ್ತಾಗುತ್ತದೆ.

ಬಾಗಿಲ ಚೌಕಟ್ಟಿಗೂ ಕೆಂಪು ಬಟ್ಟೆ ಕಟ್ಟಿದ್ದಾಳೆ. ಆದರೂ ಭುಜ ಬಡಿಯುತ್ತದೆ.

ರಸ್ತೆ ದಾಟಲು ಬಿಡುವುದಿಲ್ಲ. ಮೂಲೆ ಅಂಗಡಿಯೂ ಇಲ್ಲ. ಪುಟ ಕಟ್ಟಲು ಕೂತೆ, ಆಗಲಿಲ್ಲ. ಒಂದು ಅಂಕಣ ಜೋಡಿಸುವುದರಲ್ಲಿ ಪಕ್ಕದ ಅಂಕಣ ಇದೆಯೆಂಬುದೇ ಮರೆಯುತ್ತದೆ. ದೊಡ್ಡ ಪರದೆಯನ್ನು ವಾಪಸ್ ಒಯ್ಯಲು ಬಂದ ಪ್ರೆಸ್ಸಿನ ಯಜಮಾನರು, "ನಿಧಾನ ಆಗ್ಲಿ, ಕೆಲಸ ಎಲ್ಲಿಗೆ ಹೋಗುತ್ತೆ" ಅಂದರು. ಅವರ ದನಿಯಲ್ಲೇ ತಿಳಿಯಿತು ಅದು ಹೋಗಿದೆ ಎಂದು. ಅವರು ಹೋದ ಮೇಲೆ ಅತ್ತೆ. ಇವಳು ನೋಡಿದಳು, ನೋಡದ ಹಾಗೆ ಇದ್ದಳು.

ಜುಲೈ 4, ಗುರುವಾರ

ಕುರ್ಚಿ ಅದಲುಬದಲು ಮಾಡಿದ್ದೇವೆ. ಕಂಪ್ಯೂಟರಿನ ಮುಂದೆ ಅವಳು. ಅವಳ ಜಾಗದಲ್ಲಿ ನಾನು. ಈಗ ಅವಳು ನನ್ನ ಬಲಗಡೆ, ಪೂರ್ತಿ ಕಾಣುತ್ತಾಳೆ. ಕೆನ್ನೆಯ ಮೇಲಿನ ಮಚ್ಚೆಯಿಂದ ಹಿಡಿದು ಕೀಲಿಮಣೆ ಮೇಲೆ ತಡಕಾಡುವ ಬೆರಳುಗಳವರೆಗೆ.

ಮೇಷ್ಟ್ರ ಪುಸ್ತಕವನ್ನು ಅವಳೇ ಕಟ್ಟುತ್ತಾಳಂತೆ, ನಾನು ಬಾಯಲ್ಲಿ ಹೇಳಬೇಕಂತೆ.

"ಈ ವಿಂಡೋ ಇಡೀ ಪರದೆ ತುಂಬಿಕೊಂಡಿದೆ ರೀ, ಸಣ್ಣದು ಮಾಡೋದು ಹೇಗೆ?"

"ಮೂಲೆ ಹಿಡಿದು ಎಳಿ."

"ಯಾವ ಮೂಲೆ?"

"ನನ್ನ ಕೇಳ್ತೀಯಾ?" ಅಂದೆ. ಇಬ್ಬರೂ ನಕ್ಕೆವು. ನಗು ಅರ್ಧಕ್ಕೆ ನಿಂತುಹೋಯಿತು.

ಜುಲೈ 9, ಮಂಗಳವಾರ

ಕೆಂಪು ಗೆರೆ ಕಂಡಿತು. ಬರೆಯುತ್ತಿದ್ದೇನೆ.

ಇವಳಿಗೆ ಇವತ್ತು ಒಂದು ಉಪಾಯ ಹೊಳೆಯಿತು. ವಿಂಡೋದ ಎಡ ಅಂಚನ್ನು ಮೌಸಿನಲ್ಲಿ ಹಿಡಿದು ಬಲಕ್ಕೆ ಎಳೆದಳು, ಎಳೆದ ಹಾಗೆಲ್ಲ ಅದು ಕಿರಿದಾಯಿತು. ಕೊನೆಗೆ ಪರದೆಯ ಬಲತುದಿಯಲ್ಲಿ ಒಂದು ಅಂಚೆ ಕಾರ್ಡಿನಷ್ಟಾಗಿ ಉಳಿಯಿತು. ಆ ಕಿರಿದಾದ ವಿಂಡೋ ಒಳಗೆ ಫೋಟೊ ತೆರೆದಳು.

"ಈಗ ನೋಡಿ."

ಕತ್ತು ಪೂರ್ತಿ ತಿರುಗಿಸಿ ನೋಡಿದೆ. ತಿಂಗಳಾಚೆಗೆ ಮೊದಲ ಸಲ ಒಂದು ಚಿತ್ರ ಅಂಚಿನಿಂದ ಅಂಚಿಗೆ ಕಂಡಿತು. ಮೆಟ್ಟಿಲುಗಳು, ಸಾಲಾಗಿ ನಿಂತ ಜನ, ಎಡತುದಿಯಲ್ಲಿ ಭಾವ. ಎಷ್ಟು ಚಿಕ್ಕ ವಯಸ್ಸು ಆಗ! ಬೈತಲೆ ತೆಗೆದು ಬಾಚಿದ ತಲೆ, ದೊಗಳೆ ಅಂಗಿ, ಮುಖದಲ್ಲಿ ಆಗಲೇ ಮೇಷ್ಟ್ರಗಿರಿ. ಅವರು ಒಂದು ಪುಟ್ಟ ಹುಡುಗಿಯ ಕೈ ಹಿಡಿದುಕೊಂಡಿದ್ದಾರೆ. ಎರಡು ಜಡೆ. ಬಿಸಿಲಿಗೆ ಒಂದು ಕಣ್ಣು ಕಿರಿದು ಮಾಡಿದ್ದಾಳೆ. ಕೆನ್ನೆಯ ಮೇಲೆ ಮಚ್ಚೆ.

"ಇದು ಯಾರೇ?" ಅಂದೆ.

"ಯಾರೋ. ಮೇಷ್ಟ್ರ ತಂಗಿ ಇರಬೇಕು" ಅಂದಳು, ಪರದೆಯಿಂದ ಕಣ್ಣು ತೆಗೆಯದೆ.

ಅಣ್ಣನ ಜೊತೆ ಅವಳನ್ನೂ ಕತ್ತರಿಸಿ ಹಾಕಿದ್ದೆ. ಅಣ್ಣನಿಗಾಗಿ ಅಷ್ಟು ದಿನ ಮಾತು ಬಿಟ್ಟವಳು, ತನ್ನ ಬಗ್ಗೆ ಅವತ್ತೂ ಹೇಳಲಿಲ್ಲ, ಮಗಳಿಗೂ ಹೇಳಲಿಲ್ಲ, ಆಸ್ಪತ್ರೆಯಲ್ಲಿ ಎಲ್ಲ ಹೇಳಿಕೊಂಡಾಗಲೂ ಹೇಳಲಿಲ್ಲ.

"ಇಡೀ ಪುಟಕ್ಕೆ ಹಾಕು" ಅಂದೆ. "ಒಂದು ಕೂದಲೆಳೆಯಷ್ಟೂ ಕತ್ತರಿಸಬೇಡ."

ಅವಳು ಎದ್ದು ಒಳಗೆ ಹೋದಳು. ಸ್ವಲ್ಪ ಹೊತ್ತಿಗೆ ಬಂದು ಕೆಲಸಕ್ಕೆ ಕೂತಳು.

"ಟೀ ಇಟ್ಟಿದ್ದೀನಿ" ಅಂದಳು.

ಮೊದಲ ಸಲ ಬಾಯಿಬಿಟ್ಟು ಹೇಳಿದ್ದು. ಮುಂದೆ ನೋಡಿದೆ, ಇಲ್ಲ. ಬಲಕ್ಕೆ ನೋಡಿದೆ, ಅಲ್ಲೂ ಇಲ್ಲ. ಬೇಕೆಂದೇ ಎಡಗಡೆ ಇಟ್ಟಿದ್ದಾಳೆ, ಅಭ್ಯಾಸವಾಗಲಿ ಎಂದು. ಮೇಜಿನ ಅಂಚಿಗೆ ಅವಳು ಎಳೆದ ಕೆಂಪು ಗೆರೆ ಹುಡುಕುತ್ತಾ ಕತ್ತು ತಿರುಗಿಸಿದೆ. ಸಿಗಲಿಲ್ಲ. ಮತ್ತೆ ತಿರುಗಿಸಿದೆ. ಅವಳು ಸಹಾಯಕ್ಕೆ ಬರಲಿಲ್ಲ, ಕೀಲಿಮಣೆಯ ಸದ್ದು ಮಾತ್ರ ನಿಂತಿತ್ತು. ಬಹಳ ಹೊತ್ತಿನ ಮೇಲೆ ಗೆರೆ ಕಂಡಿತು. ಅದರ ಪಕ್ಕ ಲೋಟ, ಜೋಡಿಯಲ್ಲಿ ಉಳಿದ ಒಂದು.

ಅಷ್ಟರಲ್ಲಿ ಟೀ ಆರಿಹೋಗಿತ್ತು. ಕುಡಿದೆ.